ಮಂಗಳೂರಿನಲ್ಲಿ ಒಂದು ಹಗಲು: ಓದುಗರ ಪ್ರಶ್ನೆಗಳಿಗೆ ಉತ್ತರ

ಮಂಗಳೂರು ನಗರವನ್ನು ಮಾರ್ಗದರ್ಶಕರ ಜೊತೆಗೆ ಒಂದೇ ದಿನದಲ್ಲಿ ನೋಡುವುದು ಹೇಗೆ ಎಂದು ಕೇಳಿ ಈ ತಿಂಗಳು ಹಲವು ಪತ್ರಗಳು ಬಂದಿವೆ. ಒಂದೇ ಬಗೆಯ ಪ್ರಶ್ನೆಗಳನ್ನು ಒಟ್ಟುಗೂಡಿಸಿ, ಉದ್ದದ ಪತ್ರಗಳನ್ನು ಮೊಟಕುಗೊಳಿಸಿ ಇಲ್ಲಿ ಉತ್ತರಿಸಿದ್ದೇನೆ. ಪಣಂಬೂರಿನ ನವಮಂಗಳೂರು ಬಂದರಿಗೆ ಬಂದಿಳಿಯುವ ವಿಹಾರ ನೌಕೆಗಳ ಪ್ರಯಾಣಿಕರಿಗೆ ಕೆಲವು ವರ್ಷ ಊರು ತೋರಿಸುವ ಕೆಲಸ ಮಾಡಿದವನು ನಾನು. ಬೆಳಿಗ್ಗೆ ಇಳಿದು ಸಂಜೆಯೊಳಗೆ ಹಡಗು ಹತ್ತಲೇಬೇಕಾದ ಆ ಜನರ ಗಡಿಯಾರದೊಂದಿಗೆ ಓಡಿದ ಅನುಭವವೇ ಈ ಉತ್ತರಗಳ ಬಂಡವಾಳ.

ಪ್ರಶ್ನೆ: ನಾವು ದಂಪತಿ, ಇಬ್ಬರೂ ನಿವೃತ್ತ ಶಿಕ್ಷಕರು. ರಾತ್ರಿ ಬಸ್ಸಿನಲ್ಲಿ ಹೊರಟು ಬೆಳಿಗ್ಗೆ ಮಂಗಳೂರಿನಲ್ಲಿಳಿದು ಅಂದೇ ರಾತ್ರಿ ಮರಳುವವರಿದ್ದೇವೆ. ಪ್ರವಾಸ ಏರ್ಪಡಿಸುವವರು ಕಳಿಸಿದ ಪಟ್ಟಿಯಲ್ಲಿ ಹದಿನಾಲ್ಕು ಸ್ಥಳಗಳಿವೆ. ಮೂಡುಬಿದಿರೆಯೂ ಅದರಲ್ಲಿ ಸೇರಿದೆ. ಇಷ್ಟನ್ನೂ ನೋಡಲು ಸಾಧ್ಯವೇ? (ದಾವಣಗೆರೆ)

ಹದಿನಾಲ್ಕು ಸ್ಥಳಗಳ ಮುಂದೆ ಕಾರು ನಿಲ್ಲಿಸುವುದು ಸಾಧ್ಯ, ನೋಡುವುದು ಸಾಧ್ಯವಿಲ್ಲ. ಬೆಳಿಗ್ಗೆ ಏಳರಿಂದ ಸಂಜೆ ಏಳರವರೆಗಿನ ಹನ್ನೆರಡು ಗಂಟೆಗಳಲ್ಲಿ ಸ್ನಾನ, ತಿಂಡಿ, ಊಟ ಮತ್ತು ಹಂಪನಕಟ್ಟೆಯ ಸುತ್ತಿನ ವಾಹನ ದಟ್ಟಣೆಗೆಂದು ನಾಲ್ಕು ಗಂಟೆ ತೆಗೆದಿಟ್ಟರೆ ಉಳಿಯುವುದು ಎಂಟು. ಅದರಲ್ಲಿ ಮೂಡುಬಿದಿರೆಗೆ ಹೋಗಿ ಬರುವ ಸುಮಾರು 70 ಕಿಲೋಮೀಟರ್ ದಾರಿಯನ್ನೂ ಸೇರಿಸಿದರೆ, ಮಂಗಳೂರಿನ ಪಾಲಿಗೆ ಉಳಿಯುವುದು ಫಲಕಗಳ ಪಕ್ಕದಲ್ಲಿ ನಿಂತು ತೆಗೆಸಿಕೊಂಡ ಚಿತ್ರಗಳು ಮಾತ್ರ. 1430ರ ಸಾವಿರ ಕಂಬದ ಬಸದಿಯಿರುವ ಮೂಡುಬಿದಿರೆ ತನಗೇ ಒಂದು ದಿನ ಬೇಡುವ ಊರು. ಅದನ್ನು ಪಟ್ಟಿಯಿಂದ ಧೈರ್ಯವಾಗಿ ಹೊಡೆದುಹಾಕಿ.

ಉಳಿದವುಗಳಲ್ಲಿ ಆಯ್ಕೆ ಮಾಡಲು ನಾನು ಅನುಸರಿಸುವ ಕ್ರಮ ಒಂದೇ: ನೀರು ಹರಿಯುವ ದಿಕ್ಕಿನಲ್ಲಿ ಹೋಗುವುದು. ಮಂಗಳೂರು ಇಳಿಜಾರಿನ ಊರು. ಪೂರ್ವಕ್ಕೆ ಮುರಕಲ್ಲಿನ, ಅಂದರೆ ಜಂಬಿಟ್ಟಿಗೆಯ ಗುಡ್ಡಗಳು, ಗುಡ್ಡದ ಮಗ್ಗುಲಿಗೆ ಪೇಟೆ, ಪೇಟೆಯ ಕೆಳಗೆ ಹಳೆ ಬಂದರು, ಬಂದರಿನಾಚೆ ನದಿ, ನದಿಯಾಚೆ ಬೆಂಗ್ರೆಯೆಂಬ ಮರಳಿನ ನಾಲಗೆ, ಅದರಾಚೆ ಕಡಲು. ದಕ್ಷಿಣದಿಂದ ನೇತ್ರಾವತಿಯೂ ಉತ್ತರದಿಂದ ಗುರುಪುರ ನದಿ ಎಂದು ಕರೆಯುವ ಫಲ್ಗುಣಿಯೂ ಊರನ್ನು ಬಳಸಿಕೊಂಡು ಬಂದು, ಕಡಲು ಸೇರುವ ಅಳಿವೆ ಬಾಗಿಲಿನಲ್ಲಿ ಒಂದಾಗುತ್ತವೆ. ತುಳುವಿನಲ್ಲಿ ಈ ಊರಿಗೆ ಕುಡ್ಲ ಎಂಬ ಹೆಸರು ಬಂದಿರುವುದು ಈ ಕೂಡುವಿಕೆಯಿಂದಲೇ ಎಂಬುದು ಇಲ್ಲಿಯವರು ಸಾಮಾನ್ಯವಾಗಿ ಕೊಡುವ ವಿವರಣೆ. ಈ ಇಳಿಜಾರನ್ನೇ ದಾರಿಯನ್ನಾಗಿ ಮಾಡಿಕೊಂಡರೆ ಬೆಳಗಿನ ತಂಪಿನಲ್ಲಿ ಗುಡ್ಡ, ಮಧ್ಯಾಹ್ನದ ಧಗೆಯಲ್ಲಿ ಸೂರಿನಡಿ, ಇಳಿಹೊತ್ತಿನಲ್ಲಿ ನೀರಿನ ದಡ, ಹೀಗೆ ದಿನವೂ ಊರೂ ಜೊತೆಜೊತೆಯಾಗಿ ಇಳಿಯುತ್ತವೆ.

ಕದ್ರಿಯಿಂದ ಆರಂಭಿಸಿ. ಮಂಜುನಾಥ ದೇವಸ್ಥಾನದಲ್ಲಿರುವ ಲೋಕೇಶ್ವರನ ಕಂಚಿನ ಮೂರ್ತಿಯನ್ನು ಅವಸರದಲ್ಲಿ ನೋಡಬೇಡಿ. ಮೂರು ಮುಖ, ಆರು ಕೈಗಳ, ಪದ್ಮಾಸನದಲ್ಲಿ ಕುಳಿತ ಈ ದೊಡ್ಡ ಮೂರ್ತಿಯ ಪೀಠದ ಮೇಲೆ ಸಂಸ್ಕೃತ ಶಾಸನವಿದೆ. ಆಳುಪ ಅರಸ ಕುಂದವರ್ಮನು ಕದಿರಿಕಾ ವಿಹಾರದಲ್ಲಿ ಲೋಕೇಶ್ವರನನ್ನು ಸ್ಥಾಪಿಸಿದನೆಂದು ಅದು ಹೇಳುತ್ತದೆ, ಅದರ ಕಾಲವನ್ನು 968 ಎಂದು ಗಣಿಸಲಾಗಿದೆ. ವಿಹಾರ ಎಂಬ ಒಂದು ಪದ ಬೌದ್ಧರ ಕಾಲವನ್ನೂ, ಗುಡ್ಡದ ಮೇಲಿನ ಜೋಗಿ ಮಠ ನಾಥಪಂಥದ ಕಾಲವನ್ನೂ, ಎದುರಿಗಿರುವ ಗರ್ಭಗುಡಿ ಇಂದಿನ ಶೈವ ಆರಾಧನೆಯನ್ನೂ ಸೂಚಿಸುತ್ತವೆ. ಒಬ್ಬರು ಬಿಟ್ಟುಹೋದ ಜಾಗಕ್ಕೆ ಇನ್ನೊಬ್ಬರು ಬಂದರೂ ಮೂರ್ತಿ ಮಾತ್ರ ಪೂಜೆಯಲ್ಲಿಯೇ ಉಳಿದುಬಂದಿದೆ.

ದೇವಸ್ಥಾನದ ಹಿಂಬದಿಗೆ ಬಂದರೆ ಗೋಮುಖದಿಂದ ನೀರು ಬೀಳುತ್ತಿರುತ್ತದೆ, ಅದರ ಮುಂದೆ ಕೆರೆಗಳ ಸಾಲು. ಭಕ್ತರ ಪಾಲಿಗೆ ಇದು ಕಾಶಿಯಿಂದ ಬಂದ ಭಾಗೀರಥಿ. ಗುಡ್ಡದ ರಚನೆಯೂ ಇಂಥ ಒರತೆಗೆ ತಕ್ಕಂತೆಯೇ ಇದೆ: ಮೇಲಿನ ಮುರಕಲ್ಲು ತೂತು ತೂತಾಗಿದ್ದು ಮಳೆನೀರನ್ನು ಕುಡಿಯುತ್ತದೆ, ಅದರಡಿಯಲ್ಲಿರುವ, ಇಲ್ಲಿಯವರು ಶೇಡಿ ಮಣ್ಣು ಎನ್ನುವ ನುಣುಪಾದ ಜೇಡಿ ಆ ನೀರನ್ನು ಸುಲಭವಾಗಿ ಕೆಳಗಿಳಿಯಲು ಬಿಡುವುದಿಲ್ಲ, ಹಾಗಾಗಿ ಎರಡೂ ಸೇರುವ ಅಂಚಿನಲ್ಲಿ ಗುಡ್ಡದ ಬುಡ ಒಸರತೊಡಗುತ್ತದೆ. ಇದೇ ಶೇಡಿ ಮಣ್ಣು ರಸ್ತೆಗಾಗಿ ಗುಡ್ಡ ಕಡಿದ ಕಡೆಯಲ್ಲೆಲ್ಲ ಮಳೆಗಾಲದಲ್ಲಿ ಕುಸಿದು ಸುದ್ದಿಯಾಗುವುದೂ ಹೌದು. ಈ ಎರಡು ಮಾತನ್ನು ಕದ್ರಿಯಲ್ಲಿ ನಿಂತು ಹೇಳಬಲ್ಲ ಮಾರ್ಗದರ್ಶಕರು ಸಿಕ್ಕಿದರೆ ಅವರನ್ನು ಸಂಜೆಯವರೆಗೂ ಬಿಡಬೇಡಿ.

ಅಲ್ಲಿಂದ ಬಾವುಟಗುಡ್ಡೆಗೆ ಬನ್ನಿ. 1837ರ ಏಪ್ರಿಲ್‌ನಲ್ಲಿ ಅಮರಸುಳ್ಯದ ರೈತರು ಮಂಗಳೂರನ್ನು ಹಿಡಿದು ಬಾವುಟ ಹಾರಿಸಿದ್ದು, ಎರಡು ವಾರ ತುಂಬುವ ಮೊದಲೇ ಕಂಪನಿಯ ಸೇನೆ ಅವರನ್ನು ಚದುರಿಸಿದ್ದು ಇಲ್ಲಿಯ ಕತೆ. ಆ ಹೋರಾಟದ ಮುಂದಾಳು ಕೆದಂಬಾಡಿ ರಾಮಯ್ಯ ಗೌಡರ ಪ್ರತಿಮೆ 2022ರಲ್ಲಿ ಇಲ್ಲಿಯೇ ಸ್ಥಾಪನೆಯಾಯಿತು. ಗುಡ್ಡೆಯ ಮಗ್ಗುಲಿಗೇ ಸಂತ ಅಲೋಶಿಯಸ್ ಚಾಪೆಲ್ ಇದೆ. ಊಟದ ನಂತರ ಒಂದು ಗಂಟೆ ಏನೂ ಮಾಡದಿರಿ, ಇದು ಸೋಮಾರಿತನದ ಸಲಹೆಯೆಂದು ತಿಳಿಯಬೇಡಿ. ನಾಲ್ಕೂವರೆಗೆ ಬೋಳೂರಿನ ಸುಲ್ತಾನ್ ಬತ್ತೇರಿಯೆಂಬ ಹಳೆಯ ಕಾವಲು ಗೋಪುರ, ಅಲ್ಲಿಂದ ದೋಣಿಯಲ್ಲಿ ನದಿ ದಾಟಿ ತಣ್ಣೀರುಬಾವಿಯ ಕಡಲತೀರ, ಅಲ್ಲಿ ಸೂರ್ಯಾಸ್ತ. ನಾಲ್ಕೈದು ನಿಲುಗಡೆ, ಅಷ್ಟೇ.

ಪ್ರಶ್ನೆ: ಪ್ರೌಢಶಾಲೆಯ ನಲವತ್ತು ಮಕ್ಕಳನ್ನು ಕರೆತರುತ್ತಿದ್ದೇವೆ. ದೇವಸ್ಥಾನ, ಕೋಟೆಗಳನ್ನು ನಮ್ಮ ಕಡೆಯೂ ತೋರಿಸಬಹುದು. ಬಯಲುಸೀಮೆಯ ಮಕ್ಕಳಿಗೆ ಕರಾವಳಿಯ ನಿಸರ್ಗವನ್ನು ತೋರಿಸಬೇಕೆಂಬುದು ನಮ್ಮ ಆಸೆ. ಪಿಲಿಕುಳ ಸಾಕೇ? (ಗದಗ)

ಪಿಲಿಕುಳ ನಿಸರ್ಗಧಾಮ ನಗರದಿಂದ ಸುಮಾರು 12 ಕಿಲೋಮೀಟರ್ ದೂರದಲ್ಲಿ, ಗುರುಪುರ ನದಿಯ ಕಡೆಗೆ ಇಳಿಯುವ ಗುಡ್ಡದ ಮೇಲೆ ಹರಡಿಕೊಂಡಿದೆ. ತುಳುವಿನಲ್ಲಿ ಪಿಲಿ ಎಂದರೆ ಹುಲಿ, ಕುಳ ಎಂದರೆ ಕೊಳ. ಹುಲಿಗಳು ನೀರಿಗೆ ಬರುತ್ತಿದ್ದ ಕೊಳವೆಂಬುದು ಹೆಸರಿನ ಅರ್ಥ. ಡಾ. ಶಿವರಾಮ ಕಾರಂತರ ಹೆಸರಿನ ಜೈವಿಕ ಉದ್ಯಾನ, ಪಶ್ಚಿಮಘಟ್ಟದ ಮರಗಿಡಗಳನ್ನು ನೆಟ್ಟು ಬೆಳೆಸಿದ ಸಸ್ಯವನ, ಕುಶಲಕರ್ಮಿಗಳ ಗ್ರಾಮ, ಹಳೆಯ ತುಳುನಾಡಿನ ಮನೆತನದ ಬದುಕನ್ನು ತೋರಿಸುವ ಗುತ್ತಿನ ಮನೆ, ವಿಜ್ಞಾನ ಕೇಂದ್ರ, ತಾರಾಲಯ ಎಲ್ಲವೂ ಒಂದೇ ಆವರಣದಲ್ಲಿವೆ. ಮಕ್ಕಳು ಮೊದಲು ಮೃಗಾಲಯಕ್ಕೆ ಓಡುತ್ತಾರೆ, ಓಡಲಿ. ಕಾಳಿಂಗ ಸರ್ಪವನ್ನು ಗಾಜಿನಾಚೆಗೆ ನೋಡುವ ಕ್ಷಣವನ್ನು ಯಾವ ಪಾಠವೂ ಕೊಡಲಾರದು. ಆದರೆ ಎಲ್ಲವನ್ನೂ ಒಂದೇ ಹೊತ್ತಿನಲ್ಲಿ ಮುಗಿಸುವ ಹಟ ಬೇಡ. ಮೃಗಾಲಯ ಮತ್ತು ಸಸ್ಯವನ ಎರಡಕ್ಕೇ ಬೆಳಗಿನ ನಾಲ್ಕು ಗಂಟೆ ಬೇಕು. ಸೋಮವಾರ ಮೃಗಾಲಯಕ್ಕೆ ರಜೆಯಿರುವುದರಿಂದ ದಿನ ಗೊತ್ತುಮಾಡುವಾಗಲೇ ವಿಚಾರಿಸಿಕೊಳ್ಳಿ.

ಸಾಕೇ ಎಂಬ ನಿಮ್ಮ ಪ್ರಶ್ನೆಗೆ ನನ್ನ ಉತ್ತರ, ಸಾಲದು. ಬೇಲಿಯೊಳಗೆ ಒಪ್ಪವಾಗಿ ಜೋಡಿಸಿದ ನಿಸರ್ಗವನ್ನು ನೋಡಿದ ಮಕ್ಕಳಿಗೆ ಊರಿನ ನಡುವೆಯೇ ತಾನಾಗಿ ಬೆಳೆದದ್ದನ್ನೂ ತೋರಿಸಬೇಕು. ಅದಕ್ಕೆ ಇರುವುದು ನದಿಯ ಅಂಚಿನ ಕಾಂಡ್ಲಾ (ಮ್ಯಾಂಗ್ರೋವ್) ವನ. ಇಳಿತದ ಸಮಯವನ್ನು ಮೊದಲೇ ತಿಳಿದುಕೊಂಡು, ನೀರು ಹಿಂದೆ ಸರಿದ ಹೊತ್ತಿನಲ್ಲಿ ಗುರುಪುರ ನದಿಯ ದಡಕ್ಕೆ ಬಂದರೆ ಕೆಸರಿನಲ್ಲಿ ಮರಗಳ ಬೇರುಗಳೆಲ್ಲ ಬಯಲಾಗಿರುತ್ತವೆ. ಕೆಲವು ಮರಗಳು ಊರುಗೋಲಿನಂಥ ಬೇರುಗಳ ಮೇಲೆ ನಿಂತಿರುತ್ತವೆ. ಇನ್ನು ಕೆಲವು, ಉಪ್ಪಟಿ ಎಂದು ಕರೆಯುವಂಥವು, ಪೆನ್ಸಿಲ್ ನೆಟ್ಟಂತೆ ಕೆಸರಿನಿಂದ ಮೇಲಕ್ಕೆ ಚಾಚಿದ ಬೇರುಗಳಿಂದ ಉಸಿರಾಡುತ್ತವೆ, ಏಕೆಂದರೆ ಆ ಕೆಸರಿನೊಳಗೆ ಗಾಳಿಯಿಲ್ಲ. ಕೊಂಬೆಗಳಲ್ಲಿ ನುಗ್ಗೆಕಾಯಿಯಂತೆ ತೂಗುವ ಹಸಿರು ಕೋಲುಗಳನ್ನು ಮಕ್ಕಳು ಕಾಯಿಯೆಂದುಕೊಳ್ಳುತ್ತಾರೆ. ಅವು ಮರದ ಮೇಲಿರುವಾಗಲೇ ಮೊಳೆತ ಸಸಿಗಳು. ಇಳಿತದಲ್ಲಿ ಬಿದ್ದರೆ ಕೆಸರಿಗೆ ನಾಟಿ ನಿಲ್ಲುತ್ತವೆ, ಭರತದಲ್ಲಿ ಬಿದ್ದರೆ ತೇಲಿಹೋಗಿ ಇನ್ನೆಲ್ಲಿಯೋ ನೆಲೆ ಹುಡುಕುತ್ತವೆ. ಇವುಗಳಲ್ಲಿ ಒಂದು ಜಾತಿಗೆ ಸಸ್ಯಶಾಸ್ತ್ರದಲ್ಲಿ ಕ್ಯಾಂಡೆಲಿಯಾ ಎಂಬ ಹೆಸರಿದ್ದು, ಅದು ನಮ್ಮ ಪಶ್ಚಿಮ ಕರಾವಳಿಯ ಆಡುಮಾತಿನ ಕಾಂಡ್ಲ, ಕಂಡಲ್ ಎಂಬ ಪದದಿಂದಲೇ ಹೋದದ್ದು. ಇಂಗ್ಲಿಷ್ ಹೆಸರುಗಳನ್ನು ಬಾಯಿಪಾಠ ಮಾಡುವ ಮಕ್ಕಳಿಗೆ ಇದನ್ನು ಹೇಳಿದಾಗ ಅವರ ಮುಖ ನೋಡಬೇಕು.

ಒಂದೇ ಎಚ್ಚರಿಕೆ: ನಲವತ್ತು ಮಕ್ಕಳನ್ನು ಒಟ್ಟಿಗೆ ಕೆಸರಿನಂಚಿಗೆ ಇಳಿಸಬೇಡಿ. ಹತ್ತು ಹತ್ತು ಮಂದಿಯ ಗುಂಪು ಮಾಡಿ, ಉಳಿದವರು ದಕ್ಕೆಯ ಕಡೆ ಮೀನು ಇಳಿಸುವುದನ್ನು ನೋಡುತ್ತಿರಲಿ.

ಪ್ರಶ್ನೆ: ಸಂತ ಅಲೋಶಿಯಸ್ ಚಾಪೆಲ್‌ನ ಚಿತ್ರಗಳನ್ನು ಇಟಲಿಯ ಚಿತ್ರಕಾರರೊಬ್ಬರು ಬರೆದರೆಂದು ಕೇಳಿದ್ದೇನೆ. ಹದಿನೈದು ನಿಮಿಷದಲ್ಲಿ ನೋಡಿ ಬರಬಹುದೇ? (ಮೈಸೂರು)

ದಯವಿಟ್ಟು ಒಂದು ಗಂಟೆ ಕೊಡಿ. ಇಟಲಿಯ ಬೆರ್ಗಾಮೊ ಪ್ರಾಂತದಲ್ಲಿ 1854ರಲ್ಲಿ ಹುಟ್ಟಿ ಜೆಸ್ವಿಟ್ ಸಹೋದರರಾಗಿದ್ದ ಅಂತೋನಿಯೊ ಮೊಸ್ಕೇನಿ 1899ರಲ್ಲಿ ಇಲ್ಲಿ ಕೆಲಸ ಆರಂಭಿಸಿ, ಎರಡು ವರ್ಷಕ್ಕೂ ಹೆಚ್ಚು ಕಾಲ ಗೋಡೆ, ಕಮಾನು, ಛಾವಣಿ ಎಲ್ಲವನ್ನೂ ಚಿತ್ರಗಳಿಂದ ತುಂಬಿದರು. ಗೋಡೆಯ ಮೇಲಿನವು ಹಸಿ ಗಾರೆಯ ಮೇಲೆ ಬರೆದ ಚಿತ್ರಗಳು. ಗಾರೆ ಒಣಗುವ ಮೊದಲೇ ಬಣ್ಣ ಅದರೊಳಗೆ ಇಳಿಯಬೇಕಾದ್ದರಿಂದ ಒಂದು ದಿನದಲ್ಲಿ ಎಷ್ಟು ಬರೆಯಬಲ್ಲರೋ ಅಷ್ಟಕ್ಕೆ ಮಾತ್ರ ಗಾರೆ ಬಳಿಯಬೇಕು, ತಪ್ಪಿದರೆ ಕಿತ್ತು ಮತ್ತೆ ಬಳಿಯಬೇಕು. ಛಾವಣಿಯವು ಕ್ಯಾನ್ವಾಸಿನ ಮೇಲಿನ ತೈಲಚಿತ್ರಗಳು. ರೋಮಿನಲ್ಲಿ ಪ್ಲೇಗು ಪೀಡಿತರ ಸೇವೆ ಮಾಡುತ್ತಲೇ 1591ರಲ್ಲಿ, ಇಪ್ಪತ್ತಮೂರರ ವಯಸ್ಸಿನಲ್ಲಿ ತೀರಿಕೊಂಡ ಅಲೋಶಿಯಸ್ ಗೊನ್ಜಾಗಾ ಅವರ ಬದುಕನ್ನು ಛಾವಣಿಯುದ್ದಕ್ಕೂ ಓದುತ್ತ ಹೋಗಬಹುದು. ಕತ್ತು ನೋಯುತ್ತದೆ, ಬೆಂಚಿನಲ್ಲಿ ಕುಳಿತು ನೋಡಿ.

ಮೂರುವರೆ ಸಾವಿರ ಮಿಲಿಮೀಟರಿಗೂ ಹೆಚ್ಚು ಮಳೆ ಬೀಳುವ, ಗೋಡೆಗೆ ತಗುಲಿಸಿದ ಕ್ಯಾಲೆಂಡರ್ ಕೂಡ ಬೂಷ್ಟು ಹಿಡಿಯುವ ಊರಿನಲ್ಲಿ ಈ ಚಿತ್ರಗಳು ಉಳಿದುಬಂದದ್ದೇ ಒಂದು ಸಾಹಸ. 1990ರ ದಶಕದಲ್ಲಿ ತಜ್ಞರು ಇವುಗಳನ್ನು ಶುಚಿಗೊಳಿಸಿ ಸಂರಕ್ಷಿಸಿದ್ದಾರೆ. ಮೊಸ್ಕೇನಿ ಮಾತ್ರ ತಾಯ್ನಾಡಿಗೆ ಮರಳಲಿಲ್ಲ, 1905ರಲ್ಲಿ ಕೊಚ್ಚಿಯಲ್ಲಿ ತೀರಿಕೊಂಡರು. ಇದು ಇಂದಿಗೂ ಪ್ರಾರ್ಥನೆ ನಡೆಯುವ ಸ್ಥಳ. ಪೂಜೆಯ ಹೊತ್ತನ್ನು ಕೇಳಿಕೊಂಡು ಹೋಗಿ, ಕ್ಯಾಮೆರಾ ತೆಗೆಯುವ ಮೊದಲು ಅನುಮತಿ ಕೇಳಿ.

ಪ್ರಶ್ನೆ: ಸುಲ್ತಾನ್ ಬತ್ತೇರಿಯ ಅಡಿಯಿಂದ ಶ್ರೀರಂಗಪಟ್ಟಣದವರೆಗೆ ಸುರಂಗವಿದೆಯೆಂದು ನಮ್ಮ ಮಾರ್ಗದರ್ಶಕರು ಹೇಳಿದರು. ನಿಜವೇ? ಅಲ್ಲದೆ ಅವರು ನಮ್ಮನ್ನು ಗೋಡಂಬಿ ಅಂಗಡಿಯಲ್ಲಿ ಮುಕ್ಕಾಲು ಗಂಟೆ ಕೂರಿಸಿದರು. (ಬೆಂಗಳೂರು)

ಸುರಂಗವಿಲ್ಲ. ಕನ್ನಡನಾಡಿನ ಯಾವ ಕೋಟೆಗೆ ಹೋದರೂ ಅಲ್ಲೊಂದು ಸುರಂಗದ ಕತೆ ಇದ್ದೇ ಇರುತ್ತದೆ. ನದಿಯ ಮಟ್ಟಕ್ಕಿಂತ ಅಷ್ಟೇನೂ ಎತ್ತರವಿಲ್ಲದ ಜಾಗದಿಂದ ಘಟ್ಟವನ್ನು ಕೊರೆದುಕೊಂಡು ಹೋಗುವ ಸುರಂಗವೆಂದರೆ ಕತೆಗೂ ಸ್ವಲ್ಪ ಹೆಚ್ಚೇ ಆಯಿತು. ಬತ್ತೇರಿಯ ಅಡಿಯಲ್ಲಿರುವುದು ಮದ್ದುಗುಂಡು ಇಡಲು ಮಾಡಿದ ನೆಲಮಾಳಿಗೆ. 1784ರ ಮಾರ್ಚ್‌ನಲ್ಲಿ ಮಂಗಳೂರು ಒಪ್ಪಂದದೊಂದಿಗೆ ಎರಡನೆಯ ಮೈಸೂರು ಯುದ್ಧ ಮುಗಿಯಿತು. ಶತ್ರುಗಳ ಯುದ್ಧನೌಕೆಗಳು ಗುರುಪುರ ನದಿಯೊಳಕ್ಕೆ ನುಗ್ಗದಂತೆ ಟಿಪ್ಪು ಸುಲ್ತಾನ್ ಈ ಕಾವಲು ಗೋಪುರವನ್ನು ಕಟ್ಟಿಸಿದ್ದು ಅದೇ ವರ್ಷವೆಂದು ಹೇಳಲಾಗುತ್ತದೆ. ಮೇಲೆ ಹತ್ತಿ ತೋಪಿನ ಕಂಡಿಯಿಂದ ನದಿಯನ್ನು ನೋಡಿದರೆ ಅದರ ಉದ್ದೇಶವನ್ನು ಯಾರೂ ವಿವರಿಸಬೇಕಾಗಿಲ್ಲ. ನಾನು ಬಂದವರಿಗೆ ಇಲ್ಲಿ ತೋರಿಸುತ್ತಿದ್ದದ್ದು ಕಲ್ಲನ್ನು. ಊರಿನ ಹಳೆಯ ಗೋಡೆಗಳು ಬಹುಪಾಲು ಕೆಂಪು ಮುರಕಲ್ಲಿನವು, ಬತ್ತೇರಿಯಾದರೋ ಕಪ್ಪು ಕಲ್ಲಿನದು. ಗುಂಡು ತಡೆಯಬೇಕಾದ ಕಡೆ ತೂತುಗಳುಳ್ಳ ಮೆತ್ತನೆಯ ಕಲ್ಲು ಬೇಡವೆಂದು ಕಟ್ಟಿದವರಿಗೆ ತೋರಿರಬೇಕು.

ಅಂಗಡಿಯ ವಿಷಯದಲ್ಲಿ ನನಗೂ ನಿಮ್ಮಷ್ಟೇ ಬೇಸರವಿದೆ. ನಾನು ಕೆಲಸಕ್ಕೆ ಸೇರಿದ ಮೊದಲ ವರ್ಷ, ಒಬ್ಬ ಪ್ರವಾಸ ಸಂಘಟಕರು ಕೈಗಿತ್ತ ವೇಳಾಪಟ್ಟಿಯಲ್ಲಿ ಚಾಪೆಲ್‌ಗೆ ಕಾಲು ಗಂಟೆಯೂ ಅಂಗಡಿಗಳಿಗೆ ಒಂದು ಗಂಟೆಯೂ ಇತ್ತು. ಒಂದು ದಿನ ಚಾಪೆಲ್‌ನಲ್ಲಿ ವಯಸ್ಸಾದ ಹೆಂಗಸೊಬ್ಬರು ಛಾವಣಿ ನೋಡುತ್ತ ಕುಳಿತುಬಿಟ್ಟಾಗ, ಹೊತ್ತಾಯಿತೆಂದು ಅವರ ಭುಜ ಮುಟ್ಟಿ ಎಬ್ಬಿಸಿದವನು ನಾನೇ. ಆ ದಿನ ಅಂಗಡಿಯಲ್ಲಿ ಅವರು ಏನನ್ನೂ ಕೊಳ್ಳದೆ ಬಾಗಿಲ ಬಳಿ ಒಂದು ಗಂಟೆ ನಿಂತಿದ್ದರು. ಮುಂದೆ ಆ ಸಂಘಟಕರ ಕೆಲಸ ಬಿಟ್ಟೆ. ಹಣ ಕೊಡುವ ಮೊದಲು ನೀವು ಕೇಳಬೇಕಾದ ಪ್ರಶ್ನೆ ಎಷ್ಟು ಸ್ಥಳ ತೋರಿಸುತ್ತೀರಿ ಎಂಬುದಲ್ಲ, ಹೊತ್ತಾದರೆ ಯಾವುದನ್ನು ಬಿಡುತ್ತೀರಿ ಎಂಬುದು. ಅಂಗಡಿಯನ್ನು ಬಿಡುತ್ತೇನೆಂದು ತಡವರಿಸದೆ ಹೇಳಿದವರೊಂದಿಗೆ ಹೊರಡಿ. ಗೋಡಂಬಿ ಬೇಕಾದರೆ ನೀವೇ ಪೇಟೆಯಲ್ಲಿ ಕೊಳ್ಳಬಹುದು, ಅದಕ್ಕೆ ಮಾರ್ಗದರ್ಶನ ಬೇಕಾಗಿಲ್ಲ.

ಪ್ರಶ್ನೆ: ಇಪ್ಪತ್ತು ವರ್ಷಗಳಿಂದ ಮಸ್ಕತ್‌ನಲ್ಲಿದ್ದೇವೆ. ರಜೆಯಲ್ಲಿ ಬಂದಾಗ ಮಕ್ಕಳಿಗೆ ಮಂಗಳೂರು ಹೆಂಚಿನ ಕತೆಯನ್ನು ತೋರಿಸಬೇಕೆಂದಿದೆ. ಅದಕ್ಕೆ ಏನು ಉಳಿದಿದೆ? (ಮಸ್ಕತ್)

ಕಾರ್ಖಾನೆಗಳಿಗಿಂತ ಛಾವಣಿಗಳು ಹೆಚ್ಚು ಉಳಿದಿವೆ. ಸ್ವಿಟ್ಜರ್ಲೆಂಡಿನ ಕ್ರೈಸ್ತ ಧರ್ಮಪ್ರಚಾರ ಸಂಸ್ಥೆಯಾದ ಬಾಸೆಲ್ ಮಿಷನ್ನಿನವರು 1834ರಲ್ಲಿ ಮಂಗಳೂರಿಗೆ ಬಂದರು. ಮತಾಂತರಗೊಂಡು ಮನೆ ಮತ್ತು ಕಸುಬು ಕಳೆದುಕೊಂಡವರಿಗೆ ಉದ್ಯೋಗ ಕೊಡಬೇಕಾಗಿ ಬಂದಾಗ ಮುದ್ರಣ, ನೇಯ್ಗೆ, ಹೆಂಚು ಹೀಗೆ ಒಂದೊಂದೇ ಉದ್ಯಮಕ್ಕೆ ಕೈಹಾಕಿದರು. ಜಾರ್ಜ್ ಪ್ಲೆಬ್ಸ್ಟ್ ಎಂಬ ಮಿಷನರಿ ನದಿ ಬಯಲಿನ ಜೇಡಿಮಣ್ಣನ್ನು ಪರೀಕ್ಷಿಸಿ 1865ರಲ್ಲಿ ನೇತ್ರಾವತಿಯ ದಡದ ಜೆಪ್ಪುವಿನಲ್ಲಿ ಮೊದಲ ಹೆಂಚಿನ ಕಾರ್ಖಾನೆಯನ್ನು ಆರಂಭಿಸಿದರು. ಮಣ್ಣು ಬಯಲಿನದು, ಸುಡಲು ಸೌದೆ ನದಿಯ ಮೇಲಿಂದ, ಸಾಗಿಸಲು ಬಂದರು ಪಕ್ಕದಲ್ಲೇ. ಹೀಗಾಗಿ ಎರಡು ನದಿಗಳ ದಡದುದ್ದಕ್ಕೂ ಹೊಗೆ ಕೊಳವೆಗಳೆದ್ದವು, ಮಂಗಳೂರಿನ ಹೆಂಚು ಹಡಗು ಹತ್ತಿ ಬರ್ಮಾ, ಸಿಲೋನ್, ಪೂರ್ವ ಆಫ್ರಿಕಾದ ಛಾವಣಿಗಳಿಗೂ ಹೋಯಿತು. ಮೊದಲ ಮಹಾಯುದ್ಧದ ಕಾಲದಲ್ಲಿ ಜರ್ಮನ್ನರ ಸಂಬಂಧವಿತ್ತೆಂಬ ಕಾರಣಕ್ಕೆ ಬ್ರಿಟಿಷ್ ಸರ್ಕಾರ ಮಿಷನ್ನಿನ ಉದ್ಯಮಗಳನ್ನು ವಶಪಡಿಸಿಕೊಂಡಿತು, ಅವು ಮುಂದೆ ಕಾಮನ್‌ವೆಲ್ತ್ ಟ್ರಸ್ಟ್‌ನ ಕೈಸೇರಿದವು. ಕಾಂಕ್ರೀಟ್ ಛಾವಣಿಗಳು ಬಂದ ಮೇಲೆ, ಮಣ್ಣೂ ದುರ್ಲಭವಾದ ಮೇಲೆ, ಹಲವು ಕಾರ್ಖಾನೆಗಳು ಬಾಗಿಲು ಹಾಕಿದವು.

ಮಕ್ಕಳಿಗೆ ಬೇಕಾದದ್ದು ಒಂದು ಹಳೆಯ ಹೆಂಚು, ಕೈಗೆ ಕೊಡಿ. ಮನೆ ಕೆಡವಿದ ಸಾಮಾನು ಮಾರುವ ಕಡೆ ಅಂಥವು ರಾಶಿ ಬಿದ್ದಿರುತ್ತವೆ. ಮಗುಚಿದರೆ ಬೆನ್ನ ಮೇಲೆ ಉಬ್ಬಿದ ಅಕ್ಷರಗಳಲ್ಲಿ ಬಾಸೆಲ್ ಮಿಷನ್ ಟೈಲ್ ವರ್ಕ್ಸ್, 1865 ಎಂದು ಕಾಣಬಹುದು. 1865 ಎಂಬುದು ಕಾರ್ಖಾನೆಯ ಹುಟ್ಟಿದ ವರ್ಷ, ಆ ಹೆಂಚಿನದಲ್ಲ, ಮಾರುವವರು ಬೆಲೆ ಏರಿಸಲು ಹಾಗೆಂದರೂ ನಂಬಬೇಡಿ. ಬೆನ್ನಿನ ಮೇಲ್ತುದಿಯಲ್ಲಿರುವ ಎರಡು ಉಬ್ಬುಗಳು ಪಕ್ಕಾಸಿನ ಮೇಲೆ ಅಡ್ಡಲಾಗಿ ಹೊಡೆದ ರೀಪಿಗೆ ಸಿಕ್ಕಿಕೊಳ್ಳುತ್ತವೆ, ಒಂದು ಹೆಂಚಿನ ಅಂಚಿನ ಕಾಲುವೆಯೊಳಗೆ ಪಕ್ಕದ ಹೆಂಚಿನ ಏಣು ಕೂರುತ್ತದೆ. ಮೊಳೆಯಿಲ್ಲ, ಗಾರೆಯಿಲ್ಲ, ಆಷಾಢದ ಗಾಳಿಮಳೆಗೂ ಜಗ್ಗುವುದಿಲ್ಲ. ಒಡೆದರೆ ಒಂದನ್ನೇ ಜಾರಿಸಿ ತೆಗೆದು ಇನ್ನೊಂದನ್ನು ಕೂರಿಸಬಹುದು. ಎರಡು ಹೆಂಚು ಕೊಂಡು ಮಕ್ಕಳ ಕೈಯಲ್ಲೇ ಜೋಡಿಸಿ ನೋಡಲಿ.

ಜೆಪ್ಪುವಿನಿಂದ ಬಲ್ಮಠಕ್ಕೂ ಹೋಗಿಬನ್ನಿ. ಇದೇ ಮಿಷನ್ನಿನ ಮುದ್ರಣಾಲಯ 1841ರಲ್ಲಿ ಅಲ್ಲಿ ಆರಂಭವಾಯಿತು; ಹರ್ಮನ್ ಮೋಗ್ಲಿಂಗ್ 1843ರ ಜುಲೈ 1ರಂದು ಹೊರತಂದ ಮೊದಲ ಕನ್ನಡ ಪತ್ರಿಕೆ ‘ಮಂಗಳೂರ ಸಮಾಚಾರ’ ಕಲ್ಲಚ್ಚಿನಲ್ಲಿ ಮೂಡಿದ್ದೂ, ಕಿಟ್ಟೆಲ್ ಅವರ ನಿಘಂಟು 1894ರಲ್ಲಿ ಅಚ್ಚಾದದ್ದೂ ಮಂಗಳೂರಿನಲ್ಲೇ. ಹೊರದೇಶದಲ್ಲಿ ಕನ್ನಡ ಅಕ್ಷರ ಕಲಿಯುತ್ತಿರುವ ಮಕ್ಕಳಿಗೆ ಇದೂ ತಮ್ಮದೇ ಕತೆಯೆನಿಸಬಹುದು.

ಪ್ರಶ್ನೆ: ಜುಲೈ ತಿಂಗಳಲ್ಲಿ ಮಾತ್ರ ರಜೆ ಸಿಗುತ್ತದೆ. ಮಳೆಯಲ್ಲಿ ಬರಬಹುದೇ? (ಕಲಬುರಗಿ)

ಬನ್ನಿ, ಆದರೆ ಕಡಲಿಗಾಗಿ ಬರಬೇಡಿ. ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರಿಕ ದೋಣಿಗಳ ಮೀನುಗಾರಿಕೆಗೆ ನಿಷೇಧವಿರುವುದರಿಂದ ದಕ್ಕೆ ಸದ್ದಿಲ್ಲದೆ ಮಲಗಿರುತ್ತದೆ, ಲಕ್ಷದ್ವೀಪಕ್ಕೆ ಸರಕು ಒಯ್ಯುವ ಮಂಜಿ ಎಂಬ ಹಡಗುಗಳೂ ಹಳೆ ಬಂದರಿನಲ್ಲಿ ಲಂಗರು ಹಾಕಿರುತ್ತವೆ. ನದಿ ದಾಟುವ ದೋಣಿ ಆ ದಿನ ಹೊರಡುವುದೋ ಇಲ್ಲವೋ ದಡಕ್ಕೆ ಬಂದ ಮೇಲೆಯೇ ತಿಳಿಯುತ್ತದೆ. ನೀರಿಗಿಳಿಯುವ ಮಾತಂತೂ ಬೇಡವೇ ಬೇಡ. ಬದಲಿಗೆ ಕದ್ರಿಯ ಕೆರೆಗಳು ತುಂಬಿರುತ್ತವೆ, ಮುರಕಲ್ಲಿನ ಬೋಳು ಗುಡ್ಡಗಳ ಮೇಲೆ ಅಂಗೈಯಗಲದ ಹೊಂಡಗಳಲ್ಲೆಲ್ಲ ಗುಂಡುಸೂಜಿ ತಲೆಯಷ್ಟು ಬಿಳಿ ಹೂಗಳೂ, ಕೀಟ ಹಿಡಿದು ತಿನ್ನುವ ನೀಲಿ ಹೂವಿನ ಪುಟ್ಟ ಗಿಡಗಳೂ ತುಂಬಿಕೊಂಡಿರುತ್ತವೆ. ಇವನ್ನು ನೋಡಲು ಜುಲೈ, ಆಗಸ್ಟ್, ಸೆಪ್ಟೆಂಬರ್ ಬಿಟ್ಟರೆ ಬೇರೆ ಕಾಲವಿಲ್ಲ. ಕೊಡೆ ಸಾಲದು, ಗಾಳಿಗೆ ಮಗುಚಿಕೊಳ್ಳುತ್ತದೆ. ರೇನ್‌ಕೋಟು ತನ್ನಿ.

ಪ್ರಶ್ನೆ: ಒಂದು ದಿನದ ಪ್ರವಾಸದಲ್ಲಿ ಭೂತಕೋಲವನ್ನು ಸೇರಿಸಿಕೊಡುವುದಾಗಿ ಒಬ್ಬರು ಹೇಳುತ್ತಿದ್ದಾರೆ. ಒಪ್ಪಬಹುದೇ? (ಹಾಸನ)

ಒಪ್ಪಬೇಡಿ. ಕೋಲವೆಂಬುದು ಒಂದು ಮನೆತನದ ಅಥವಾ ಒಂದು ಊರಿನ ಹರಕೆ, ಆರಾಧನೆ. ಅದು ನಡೆಯುವ ದಿನ, ಹೊತ್ತು ಅವರದು, ಬಹುಪಾಲು ರಾತ್ರಿಯಿಡೀ ನಡೆಯುವಂಥದ್ದು. ಮಧ್ಯಾಹ್ನ ಮೂರಕ್ಕೆ ಅರ್ಧ ಗಂಟೆ ತೋರಿಸುವುದು ಕೋಲವಲ್ಲ, ವೇಷ. ನಿಜವಾದ ಕೋಲಕ್ಕೆ ಪರಿಚಯದ ಮನೆಯವರು ಕರೆದರೆ ಹೋಗಿ, ಚಪ್ಪಲಿ ಕಳಚಿ ಅಂಚಿನಲ್ಲಿ ನಿಂತು ನೋಡಿ. ರಾತ್ರಿ ಉಳಿಯುವುದಾದರೆ ನವೆಂಬರ್‌ನಿಂದ ಮೇ ತಿಂಗಳವರೆಗೆ ಯಕ್ಷಗಾನ ಮೇಳಗಳ ತಿರುಗಾಟವಿರುತ್ತದೆ, ಬಯಲಾಟಕ್ಕೆ ಎಲ್ಲರಿಗೂ ಸ್ವಾಗತ.

ಪ್ರಶ್ನೆ: ಎಪ್ಪತ್ತೆಂಟು ವರ್ಷದ ತಾಯಿಗೆ ಮಂಡಿ ನೋವಿದೆ. ಮೆಟ್ಟಿಲು ಹತ್ತಲಾರರು. ನೀವು ಹೇಳುವ ದಾರಿಯಲ್ಲಿ ಅವರನ್ನು ಕರೆತರಬಹುದೇ? ಊಟದ ಬಗ್ಗೆಯೂ ತಿಳಿಸಿ. (ಹುಬ್ಬಳ್ಳಿ)

ಖಂಡಿತ ಕರೆತನ್ನಿ, ಸ್ವಲ್ಪ ಬದಲಾಯಿಸಿಕೊಂಡರಾಯಿತು. ಕದ್ರಿಯಲ್ಲಿ ದೇವರ ದರ್ಶನ ಸಾಕು, ಜೋಗಿ ಮಠದ ಕಡೆಗಿನ ಮೆಟ್ಟಿಲುಗಳನ್ನು ನೀವು ಹತ್ತಿ ಬನ್ನಿ, ಅವರು ಗೋಮುಖದ ಬಳಿ ನೀರಿನ ಸದ್ದು ಕೇಳುತ್ತ ಕುಳಿತಿರಲಿ. ಚಾಪೆಲ್‌ನಲ್ಲಿ ಕುಳಿತು ನೋಡುವುದೇ ಸರಿಯಾದ ಕ್ರಮವಾದ್ದರಿಂದ ಅಲ್ಲಿ ಅವರಿಗೆ ನಿಮಗಿಂತ ಅನುಕೂಲ. ದೇವಸ್ಥಾನ ನೋಡುವ ಆಸೆ ಇನ್ನೂ ಇದ್ದರೆ ಕುದ್ರೋಳಿಯ ಗೋಕರ್ಣನಾಥೇಶ್ವರ ಕ್ಷೇತ್ರಕ್ಕೆ ಹೋಗಿ. ಮೇಲ್ಜಾತಿಯವರ ದೇವಸ್ಥಾನಗಳಲ್ಲಿ ಪ್ರವೇಶವಿಲ್ಲದಿದ್ದ ಬಿಲ್ಲವ ಸಮುದಾಯಕ್ಕಾಗಿ ನಾರಾಯಣ ಗುರುಗಳು 1912ರಲ್ಲಿ ಪ್ರತಿಷ್ಠಾಪಿಸಿದ ಈ ಗುಡಿಯ ವಿಶಾಲವಾದ ಅಂಗಳ ನಡೆಯಲು ಸಲೀಸು.

ಊಟಕ್ಕೆ ಮೊದಲು ತಿಂಡಿಯ ಮಾತು: ಬೆಳಿಗ್ಗೆ ನೀರ್ದೋಸೆ ಅಥವಾ ಬಾಳೆಹಣ್ಣಿನ ಬನ್ಸ್, ಮಧ್ಯಾಹ್ನ ಕುಚ್ಚಲಕ್ಕಿ ಅನ್ನ, ಮೀನು ತಿನ್ನುವವರಾದರೆ ಅಂದು ದಕ್ಕೆಗೆ ಯಾವುದು ಬಂದಿದೆಯೋ ಅದು. ಕುಚ್ಚಲಕ್ಕಿ ರೂಢಿಯಿಲ್ಲದ ಹೊಟ್ಟೆಗೆ ಭಾರವೆನಿಸಬಹುದು, ತಾಯಿಯವರಿಗೆ ಬೆಳ್ತಿಗೆ ಅನ್ನ ಕೇಳಿ. ಧಗೆಗೆ ಪುನರ್ಪುಳಿ ಶರಬತ್ತಿಗಿಂತ ಒಳ್ಳೆಯದಿಲ್ಲ. ಗಡ್‌ಬಡ್ ಐಸ್‌ಕ್ರೀಮನ್ನು ಇಬ್ಬರು ಹಂಚಿಕೊಳ್ಳಿ.

ಸಂಜೆ ಬತ್ತೇರಿಯಿಂದ ದೋಣಿ ಹತ್ತಿಸುವುದು ಬೇಡ, ದೋಣಿಗೆ ಇಳಿಯುವಾಗ ಮಂಡಿಗೆ ಕಷ್ಟ. ಕೂಳೂರು ಸೇತುವೆಯ ಮೂಲಕ ತಣ್ಣೀರುಬಾವಿಗೆ ರಸ್ತೆಯಿದೆ, ಕಾರು ಕಡಲಿನ ಹತ್ತಿರದವರೆಗೂ ಹೋಗುತ್ತದೆ. 2024ರ ಆರಂಭದಲ್ಲಿ ಈ ಮರಳದಂಡೆಗಳಿಗೆ ಕಡಲಾಮೆಗಳು ಮೊಟ್ಟೆಯಿಡಲು ಬಂದಾಗ ಅರಣ್ಯ ಇಲಾಖೆಯವರು ಗೂಡುಗಳಿಗೆ ಬೇಲಿ ಹಾಕಿ ಕಾದಿದ್ದರು. ಚಳಿಗಾಲದ ಕೊನೆಯಲ್ಲಿ ಬಂದು ಅಂಥ ಬೇಲಿ ಕಂಡರೆ ದೂರದಿಂದಲೇ ನೋಡಿ. ನವೆಂಬರ್‌ನಲ್ಲಿ ಆರರ ಹೊತ್ತಿಗೇ ಸೂರ್ಯ ಮುಳುಗುತ್ತಾನೆ, ಜುಲೈಯಲ್ಲಿ ಏಳು ದಾಟುತ್ತದೆ. ಅದಕ್ಕೆ ಮುಕ್ಕಾಲು ಗಂಟೆ ಮೊದಲೇ ತಲುಪಿ ಗಾಳಿಮರಗಳ ನೆರಳಿನಲ್ಲಿ ತಾಯಿಗೊಂದು ಕುರ್ಚಿ ಹಾಕಿಕೊಡಿ. ಮಡಚುವ ಕುರ್ಚಿ ನೀವೇ ತರಬೇಕು, ಅಲ್ಲಿ ಸಿಗುತ್ತದೆಂದು ನಂಬಿ ಬರಬೇಡಿ.